ಗಂಜಿನ ತಕ್ಕಡಿ ಯಾರ ಕೈಯಲ್ಲಿ?

ನಮ್ಮಪ್ಪ ಓದಿದವನಲ್ಲ. ಭೀಮಾ ದಂಡೆಯ ಮೂರೆಕರೆ ಹೊಲದಲ್ಲಿ ತೊಗರಿ, ಜೋಳ ಬೆಳೆಯುತ್ತಿದ್ದ. ಸುಗ್ಗಿ ಮುಗಿದ ಮೇಲೆ ಇದ್ದ ನಾಲ್ಕು ಚೀಲ ಗಾಡಿಗೆ ಹೇರಿ ಗಂಜಿಗೆ ಹೊರಟರೆ ಒಮ್ಮೊಮ್ಮೆ ನನ್ನನ್ನೂ ಕೂಡಿಸಿಕೊಳ್ಳುತ್ತಿದ್ದ. ಯಾವ ಊರಿನ ಗಂಜು ಎಂಬುದು ಇಲ್ಲಿ ಬೇಡ. ಅಡತಿಯವ ಬಂದು ಚೀಲಕ್ಕೆ ಕೈ ಹಾಕಿ ಒಂದು ಬೊಗಸೆ ತೊಗರಿ ತೆಗೆದು ನೋಡುತ್ತಿದ್ದ. ಆ ಬೊಗಸೆ ಮತ್ತೆ ಚೀಲಕ್ಕೆ ಬೀಳುತ್ತಿರಲಿಲ್ಲ. ತೂಕವಾದ ಮೇಲೆ ಕೈಗೆ ಬರುವ ಚೀಟಿಯಲ್ಲಿ ಕಸ-ಕಡ್ಡಿಗೆ ಇಷ್ಟು, ಗೋಶಾಲೆಗೆ ಇಷ್ಟು, ಧರ್ಮಕ್ಕೆ ಇಷ್ಟು ಎಂದು ಮುರಿದುಕೊಂಡಿರುತ್ತಿತ್ತು. ಆ ಧರ್ಮದ ಗುಡಿಯೊಳಗೆ ನಮ್ಮಪ್ಪನಿಗೆ ಪ್ರವೇಶ ಇರಲಿಲ್ಲ ಎಂಬುದನ್ನು ಬಿಡಿಸಿ ಹೇಳಬೇಕಾಗಿಲ್ಲ.

ಆಗ ನಾನು ಐದನೆಯ ತರಗತಿ. ಹೊಸದಾಗಿ ಓದಲು ಕಲಿತವರಿಗೆ ಕಂಡದ್ದನ್ನೆಲ್ಲ ಓದುವ ಹುಚ್ಚು. ಗಂಜಿನ ಗೋಡೆಯ ಮೇಲೆ ಬರೆದಿದ್ದನ್ನು ಗಟ್ಟಿಯಾಗಿ ಓದಿದೆ: ರೈತರ ಹಣದಲ್ಲಿ ಯಾವ ಕಡಿತವನ್ನೂ ಮಾಡತಕ್ಕದ್ದಲ್ಲ. ಅಪ್ಪ ನನ್ನ ರಟ್ಟೆ ಹಿಡಿದು ಎಳೆದ. "ಸುಮ್ಕಿರು. ಗ್ವಾಡಿ ಮ್ಯಾಲ ಬರದದ್ದು ಸರ್ಕಾರದ ಮಾತು. ತಕ್ಕಡಿ ಹಿಡದಾವನ ಮಾತು ಬ್ಯಾರೆ."

ಗೋಡೆಯ ಮೇಲಿನ ಆ ಮಾತು ಎಲ್ಲಿಂದ ಹೊರಟು ಗಂಜಿಗೆ ಬಂತು, ಬರುವ ದಾರಿಯಲ್ಲಿ ಯಾರು ಯಾರು ಅದಕ್ಕೆ ಗೆರೆ ಎಳೆದರು ಎಂದು ನಾನು ಹುಡುಕತೊಡಗಿದ್ದು ಬಹಳ ವರ್ಷಗಳ ಮೇಲೆ, ಮಾಸ್ತರನಾದ ಮೇಲೆ. ಅದರ ಕಥೆ ಇದು. ಆಳಂದ, ಅಫಜಲಪುರ, ಜೇವರ್ಗಿ ಎಂಬ ಮೂರು ತಾಲೂಕುಗಳಲ್ಲಿ ನಿಂತು ನೋಡಿದರೆ ಅದು ಚೆನ್ನಾಗಿ ಕಾಣುತ್ತದೆ.

ನಿಜಾಮನ ಕಾಲದಿಂದ ಶುರು ಮಾಡೋಣ. ಈ ಸೀಮೆಯ ಬಹಳ ಹಳ್ಳಿಗಳು ಜಹಗೀರುದಾರರ ಕೈಯಲ್ಲಿದ್ದವು. ಜಿಲ್ಲೆಯ ದೊಡ್ಡ ಅಧಿಕಾರಿ ಅವಲ್ ತಾಲೂಕದಾರ. ಕಚೇರಿಯ ಭಾಷೆ ಉರ್ದು. ಹೈದರಾಬಾದಿನಲ್ಲಿ ಕೃಷಿ ಮಾರುಕಟ್ಟೆಗಾಗಿ ಕಾಯಿದೆ ಬಂದದ್ದು ಫಸಲಿ 1339ರಲ್ಲಿ, ಅಂದರೆ 1930ರ ಸುಮಾರಿಗೆ. 1928ರಲ್ಲಿ ಬ್ರಿಟಿಷರ ರಾಯಲ್ ಕಮಿಷನ್ನು ಒಕ್ಕಲುತನದ ಬಗ್ಗೆ ವರದಿ ಕೊಟ್ಟು, ಪೇಟೆಗಳಲ್ಲಿ ರೈತನಿಗೆ ಆಗುವ ಮೋಸವನ್ನು ಬರೆದು, ಕಾಯಿದೆಯ ಕೆಳಗೆ ನಡೆಯುವ ಪೇಟೆಗಳಾಗಬೇಕು ಎಂದಿತ್ತು. ಬಟ್ಟೆಯ ಕೆಳಗೆ ಬೆರಳು ಹಿಡಿದು ದರ ಕುದುರಿಸುವುದು, ಸುಳ್ಳು ತೂಕ, ಹೆಸರಿಲ್ಲದ ಕಡಿತಗಳು ಎಲ್ಲ ಪೇಟೆಗಳಲ್ಲೂ ಇದ್ದವು. ಆಳುವವರಿಗೆ ರೈತನ ಮೇಲೆ ಏಕಾಏಕಿ ಕರುಣೆ ಉಕ್ಕಿತೆಂದು ತಿಳಿಯಬೇಕಾಗಿಲ್ಲ. ಗಿರಣಿಗೆ ಒಳ್ಳೆಯ ಹತ್ತಿ, ಖಜಾನೆಗೆ ವೇಳೆಗೆ ಸರಿಯಾಗಿ ಕಂದಾಯ ಬೇಕಾಗಿತ್ತು. ಏನೇ ಇರಲಿ, ಕಾಯಿದೆ ಬಂತು.

ಆಗ ಈ ಅಧಿಕಾರಕ್ಕೆ ಮಿತಿ ಏನು ಎಂದು ಯಾರೂ ಕೇಳುವಂತಿರಲಿಲ್ಲ. ಹೈದರಾಬಾದಿನಲ್ಲಿ ಶಾಸನಸಭೆ ಎಂಬುದು ಹೆಸರಿಗೆ ಇತ್ತು. ಜನ ಆರಿಸಿ ಕಳಿಸಿದ್ದಲ್ಲ. ಅಧಿಕಾರ ಒಬ್ಬನ ಗದ್ದುಗೆಯಿಂದ ಇಳಿದು ತಾಲೂಕದಾರನ ಮೂಲಕ ಊರ ಗೌಡ, ಕುಲಕರ್ಣಿಯ ಹತ್ತಿರ ಬರುತ್ತಿತ್ತು. ಕೆಳಗೆ ಬಂದಷ್ಟೂ ಅದರ ಕಾಲ್ತುಳಿತ ಜೋರು. 1948ರ ಸೆಪ್ಟೆಂಬರಿನಲ್ಲಿ ನಿಜಾಮಶಾಹಿ ಬಿತ್ತು. 1949ರಲ್ಲಿ ಜಹಗೀರುಗಳು ರದ್ದಾದವು. 1950ರಲ್ಲಿ ಸಂವಿಧಾನ ಬಂತು. ಅದರ ಏಳನೆಯ ಅನುಸೂಚಿಯ ರಾಜ್ಯಪಟ್ಟಿಯಲ್ಲಿ 28ನೆಯ ಬಾಬು 'ಮಾರುಕಟ್ಟೆಗಳು ಮತ್ತು ಜಾತ್ರೆಗಳು'. ಅಂದರೆ ಆಳಂದದ ಪೇಟೆಯ ಮೇಲಿನ ಅಧಿಕಾರ ಈಗ ಆಳಂದದವನೂ ಮತ ಹಾಕಿದ ಶಾಸನಸಭೆಯದು. ಕಾಗದದ ಮೇಲಾದರೂ ಹೊಳೆ ತಿರುಗಿ ಹರಿಯಿತು. ಅಧಿಕಾರ ಹುಟ್ಟುವ ಜಾಗ ಜನ ಎಂದಾಯಿತು.

ಆದರೆ ಶಾಸನಸಭೆ ಕೂತು ಪ್ರತಿ ಗಂಜಿನ ಎಲ್ಲೆ ಎಲ್ಲಿ, ತೊಗರಿ ಸೇರಬೇಕೋ ಕುಸುಬೆ ಸೇರಬೇಕೋ, ಹಮಾಲಿ ಎಷ್ಟು ಎಂದು ಬರೆಯಲಾರದು. ಅದು ಸರ್ಕಾರಕ್ಕೆ ಅಧಿಕಾರ ಕೊಡುತ್ತದೆ. ಸರ್ಕಾರ ಅಧಿಸೂಚನೆ ಹೊರಡಿಸುತ್ತದೆ, ನಿಯಮ ಮಾಡುತ್ತದೆ. ಮಾರುಕಟ್ಟೆ ಸಮಿತಿ ಉಪವಿಧಿ ಮಾಡುತ್ತದೆ, ಲೈಸೆನ್ಸು ಕೊಡುತ್ತದೆ. ಹೀಗೆ ಕೈಯಿಂದ ಕೈಗೆ ದಾಟಿದ ಅಧಿಕಾರ ಎಷ್ಟರ ಮಟ್ಟಿಗೆ ಸರಿ? 1951ರಲ್ಲಿ ದೆಹಲಿ ಕಾನೂನುಗಳ ವಿಚಾರವಾಗಿ ಸುಪ್ರೀಂ ಕೋರ್ಟಿನ ಏಳು ನ್ಯಾಯಾಧೀಶರು ಒಬ್ಬೊಬ್ಬರೂ ಬೇರೆ ಬೇರೆ ಬರೆದರು. ಅದರಿಂದ ತೆಗೆದ ತಿರುಳು ಇಷ್ಟು: ಧೋರಣೆಯನ್ನು ಶಾಸನಸಭೆಯೇ ಹೇಳಬೇಕು, ವಿವರ ತುಂಬುವ ಕೆಲಸ ಮಾತ್ರ ಬೇರೆಯವರಿಗೆ ಬಿಡಬಹುದು. ಕೀಲಿಕೈ ಕೊಡಬಹುದು, ಮನೆ ಬರೆದು ಕೊಡುವಂತಿಲ್ಲ.

ಇಲ್ಲಿ ನಮ್ಮ ಸೀಮೆಯ ಒಂದು ವಿಚಿತ್ರ ಹೇಳಬೇಕು. 1956ರಲ್ಲಿ ಏಕೀಕರಣವಾಯಿತು, ಆದರೆ ಕಾಯಿದೆಗಳು ಒಂದಾಗಲಿಲ್ಲ. ಅಫಜಲಪುರದ ಕಡೆ ಹೈದರಾಬಾದಿನ ಫಸಲಿ 1339ರ ಕಾಯಿದೆ. ಹೊಳೆ ದಾಟಿ ಇಂಡಿ, ಸಿಂದಗಿಗೆ ಹೋದರೆ 1939ರ ಮುಂಬಯಿ ಕಾಯಿದೆ. ಮಂಗಳೂರಿನ ಕಡೆ 1933ರ ಮದರಾಸು ಕಾಯಿದೆ, ಹಳೆ ಮೈಸೂರಿನಲ್ಲಿ ಅದರದೇ 1939ರ ಕಾಯಿದೆ. ಒಂದೇ ಹೊಳೆಯ ನೀರು ಕುಡಿದ ಜೋಳ ದಂಡೆ ಬದಲಾದರೆ ಬೇರೆ ಸರ್ಕಾರದ ಜೋಳ. ಇವನ್ನೆಲ್ಲ ತೆಗೆದುಹಾಕಿ ಇಡೀ ರಾಜ್ಯಕ್ಕೆ ಒಂದೇ ಕಾಯಿದೆ ಮಾಡಿದ್ದು 1966ರಲ್ಲಿ. ಜಾರಿಗೆ ಬಂದದ್ದು 1968ರ ಮೇ ತಿಂಗಳಲ್ಲಿ. ಅದೇ 1968ರಲ್ಲಿ ಕಲಬುರಗಿಯಲ್ಲಿ ಬಿ. ಶ್ಯಾಮಸುಂದರ್ ಭೀಮಸೇನೆ ಕಟ್ಟಿದರು. ಒಂದು ಕಡೆ ರೈತನ ಚೀಲಕ್ಕೆ ರಕ್ಷಣೆ ಎಂಬ ಕಾಯಿದೆ, ಇನ್ನೊಂದು ಕಡೆ ಚೀಲವೇ ಇಲ್ಲದವರ ಎದ್ದು ನಿಲ್ಲುವಿಕೆ. ಇವೆರಡೂ ಒಂದನ್ನೊಂದು ನೋಡಲೇ ಇಲ್ಲ.

ಕಾಯಿದೆ ಕೆಟ್ಟದ್ದಲ್ಲ, ಇದನ್ನು ಒಪ್ಪಬೇಕು. ಬಹಿರಂಗ ಸವಾಲು ಇಲ್ಲವೇ ಟೆಂಡರು, ಸರಿಯಾದ ತೂಕ, ಶುಲ್ಕ ಖರೀದಿದಾರನಿಂದ, ಅಡತಿಯೂ ಖರೀದಿದಾರನಿಂದ, ರೈತನಿಂದ ಮುರಿಯುವಂತಿಲ್ಲ. ನಾನು ಓದಿದ ಗೋಡೆಯ ಮಾತು ಹುಟ್ಟಿದ್ದು ಇಲ್ಲಿ.

ಇನ್ನು ಗೆರೆ ಎಳೆದವರು ಯಾರು ಎಂಬುದು. ಮೊಕದ್ದಮೆಗಳನ್ನು ಸಾಲಾಗಿ ಇಟ್ಟು ನೋಡಿ. 1958ರಲ್ಲಿ ಮದರಾಸಿನ ಅರುಣಾಚಲ ನಾಡಾರ್ ಮೊಕದ್ದಮೆ. ವ್ಯಾಪಾರಿಗಳ ವಾದ: ವ್ಯಾಪಾರ ಮಾಡುವುದು ನಮ್ಮ ಮೂಲಭೂತ ಹಕ್ಕು, ಲೈಸೆನ್ಸು ತೊಗೊಳ್ಳಿ ಎನ್ನಲು ನೀವ್ಯಾರು? ನ್ಯಾಯಾಲಯ ಒಪ್ಪಲಿಲ್ಲ. ಬೆಳೆದವನನ್ನು ದಲಾಲಿಯಿಂದ ಕಾಯಲು ಇಂಥ ನಿರ್ಬಂಧ ಸಕಾರಣವಾದದ್ದೇ ಎಂದಿತು. 1961ರಲ್ಲಿ ಮುಂಬಯಿ ಕಾಯಿದೆಯ ಮೇಲೆ ಮಹಮದ್ ಹುಸೇನ್ ಮೊಕದ್ದಮೆ. ಅಲ್ಲಿ ವ್ಯಾಪಾರಿಗೆ ಅರ್ಧ ಗೆಲುವು. ಕಾಯಿದೆ ಸರಿ, ಆದರೆ ಶುಲ್ಕದ ಗರಿಷ್ಠ ಮಿತಿಯನ್ನು ಸರ್ಕಾರ ನಿಯಮದಲ್ಲಿ ಗೊತ್ತುಮಾಡಬೇಕೆಂದು ಕಾಯಿದೆಯೇ ಹೇಳಿದೆ. ಗೊತ್ತುಮಾಡುವ ತನಕ ಸಮಿತಿ ವಸೂಲು ಮಾಡುವಂತಿಲ್ಲ ಎಂದಾಯಿತು.

ನನಗೆ ಬಹಳ ಹಿಡಿಸಿದ್ದು 1975ರ ಶುಂಠಿ ಮೊಕದ್ದಮೆ. ಗುಜರಾತಿನ ಗೋಧ್ರಾ. ಶುಂಠಿಯನ್ನೂ ನಿಯಂತ್ರಿತ ಬೆಳೆಗಳ ಪಟ್ಟಿಗೆ ಸೇರಿಸಿ ಗೆಜೆಟ್ಟಿನಲ್ಲಿ ಅಧಿಸೂಚನೆ ಬಂತು. ಲೈಸೆನ್ಸಿಲ್ಲದೆ ಶುಂಠಿ ಕೊಂಡ ವ್ಯಾಪಾರಿಯ ಮೇಲೆ ಕೇಸು. ಆದರೆ ಕಾಯಿದೆಯಲ್ಲಿ ಇನ್ನೊಂದು ಮಾತಿತ್ತು: ಅಧಿಸೂಚನೆ ಆ ಸೀಮೆಯಲ್ಲಿ ಓದುವ ಗುಜರಾತಿ ಪತ್ರಿಕೆಯಲ್ಲೂ ಬರಬೇಕು. ಬಂದಿರಲಿಲ್ಲ. ಸುಪ್ರೀಂ ಕೋರ್ಟು ಶಿಕ್ಷೆ ತೆಗೆದುಹಾಕಿತು. ಜನರ ನುಡಿಯಲ್ಲಿ ಜನರಿಗೆ ತಿಳಿಸದ ಅಧಿಕಾರ ಅಧಿಕಾರವೇ ಅಲ್ಲ ಎಂದಂತಾಯಿತು. ಕಚೇರಿಯ ಕಾಗದವೆಲ್ಲ ಉರ್ದುವಿನಲ್ಲಿ ಬರುತ್ತಿದ್ದ ಕಾಲವನ್ನು ಕಂಡ ನಮ್ಮ ಸೀಮೆಯ ಹಿರಿಯರಿಗೆ ಈ ತೀರ್ಪಿನ ಬೆಲೆ ತಿಳಿಯುತ್ತಿತ್ತು. ಅವರಿಗೆ ಹೇಳುವವರು ಯಾರೂ ಇರಲಿಲ್ಲ ಅಷ್ಟೆ.

1979ರಲ್ಲಿ ಪಂಜಾಬಿನ ಕೇವಲ್ ಕೃಷ್ಣ ಪುರಿ ಮೊಕದ್ದಮೆ. ಇಲ್ಲಿ ಸ್ವಲ್ಪ ನಿಲ್ಲಬೇಕು. ಸಮಿತಿಗಳು ನೂರಕ್ಕೆ ಎರಡು ರೂಪಾಯಿ ಇದ್ದ ಶುಲ್ಕವನ್ನು ಮೂರಕ್ಕೆ ಏರಿಸಿದ್ದವು. ಏರಿಕೆಯ ಹಿಂದೆ ಫರೀದಕೋಟದ ವೈದ್ಯಕೀಯ ಕಾಲೇಜಿಗೆ ಹಣ ಕೊಡುವ ಲೆಕ್ಕವೂ ಇತ್ತು. ಐದು ನ್ಯಾಯಾಧೀಶರ ಪೀಠ ಹೇಳಿತು: ತೆರಿಗೆ ಬೇರೆ, ಶುಲ್ಕ ಬೇರೆ. ಶುಲ್ಕ ಎಂದರೆ ಕೊಟ್ಟವನಿಗೆ ಬದಲಿಗೆ ಸೇವೆ ಸಿಗಬೇಕು. ವಸೂಲಾದದ್ದರಲ್ಲಿ ದೊಡ್ಡ ಪಾಲು, ಮೂರರಲ್ಲಿ ಎರಡರಷ್ಟೋ ನಾಲ್ಕರಲ್ಲಿ ಮೂರರಷ್ಟೋ, ಕೊಟ್ಟವರ ಸೇವೆಗೇ ಹೋಗಬೇಕು. ಎರಡು ರೂಪಾಯಿ ಉಳಿಯಿತು, ಮೂರು ಬಿದ್ದುಹೋಯಿತು.

ಕೇಳಲಿಕ್ಕೆ ನ್ಯಾಯವಾದ ಮಾತೇ. ಆದರೆ ಕೊಟ್ಟವನು ಯಾರು? ಕಾಯಿದೆಯ ಕಣ್ಣಿಗೆ ಶುಲ್ಕ ಕಟ್ಟುವವನು ಖರೀದಿದಾರ, ರಸೀದಿ ಅವನ ಹೆಸರಿಗೆ. ಆದ್ದರಿಂದ ಸೇವೆಯೂ ಮುಖ್ಯವಾಗಿ ಅವನಿಗೇ ಸಲ್ಲಬೇಕು ಎಂಬಲ್ಲಿಗೆ ತರ್ಕ ಹೋಗಿ ನಿಲ್ಲುತ್ತದೆ. ಗಂಜಿನಲ್ಲಿ ಒಂದು ಹೊತ್ತು ಕೂತವರಿಗೆ ಗೊತ್ತು, ಖರೀದಿದಾರ ಆ ಶುಲ್ಕವನ್ನು ಸವಾಲು ಕೂಗುವ ಮೊದಲೇ ದರದಲ್ಲಿ ಮುರಿದುಕೊಂಡಿರುತ್ತಾನೆ. ಕಟ್ಟುವ ಕೈ ಅವನದು, ಹಣ ಚೀಲ ತಂದವನದು. ಆ ಚೀಲ ತುಂಬಿದ್ದು ಯಾರು? ತೊಗರಿ ಕೊಯ್ದು, ಬಡಿದು, ತೂರಿದ ಹೆಣ್ಣಾಳು. ಲಾವಣಿಗೆ ಹೊಲ ಹಿಡಿದು ಮಾಡಿದ, ಪಹಣಿಯಲ್ಲಿ ಹೆಸರಿಲ್ಲದ ನಮ್ಮ ಕೇರಿಯವನು. ಅಷ್ಟು ಹಿಂದಕ್ಕೆ ನ್ಯಾಯಾಲಯದ ಲೆಕ್ಕ ಹೋಗಲಿಲ್ಲ. ಹೋಗಬೇಕೆಂದು ಕೇಳಿದ ಅರ್ಜಿದಾರನೇ ಅಲ್ಲಿರಲಿಲ್ಲ. 1983ರಲ್ಲಿ ಆಂಧ್ರದ ಶ್ರೀನಿವಾಸ ಜನರಲ್ ಟ್ರೇಡರ್ಸ್ ಮೊಕದ್ದಮೆಯಲ್ಲಿ ಈ ಬಿಗಿ ಸಡಿಲವಾಯಿತು. ಪೈಸೆಗೆ ಪೈಸೆ ಸೇವೆ ಎಂದು ಅಳೆಯಬೇಕಾಗಿಲ್ಲ, ಒಟ್ಟಾರೆ ಸಂಬಂಧ ಇದ್ದರೆ ಸಾಕು ಎಂದರು. ಅರ್ಜಿದಾರ ಅಲ್ಲಿಯೂ ವ್ಯಾಪಾರಿಯೇ.

ನಡುವೆ 1981ರಲ್ಲಿ ಪುಣೆಯ ವ್ಯಾಪಾರಿಗಳು ಬಂದರು. ಸರ್ಕಾರ ಪೇಟೆಯನ್ನು ಊರೊಳಗಿನ ಪೇಠಗಳಿಂದ ಗುಲ್ಟೇಕಡಿಗೆ ಎತ್ತಿತು. ನಮ್ಮನ್ನು ಕೇಳದೆ ಹೇಗೆ ಎತ್ತಿದಿರಿ ಎಂದು ಅವರು ಕೇಳಿದರು. ನ್ಯಾಯಮೂರ್ತಿ ಒ. ಚಿನ್ನಪ್ಪ ರೆಡ್ಡಿ ಬರೆದ ತೀರ್ಪು: ಇಂಥಲ್ಲಿ ಪೇಟೆ ಎಂದು ಸಾರುವುದು ಕಾನೂನು ಮಾಡಿದಂಥ ಕೆಲಸ, ಎಲ್ಲರಿಗೂ ಅನ್ವಯಿಸುವುದು, ಒಬ್ಬೊಬ್ಬರನ್ನೂ ಕರೆದು ಕೇಳಬೇಕಾಗಿಲ್ಲ. ಮುಂದೆ ಕರ್ನಾಟಕದ ಮೂರನೆಯ ಹಿಂದುಳಿದ ವರ್ಗಗಳ ಆಯೋಗದ ಅಧ್ಯಕ್ಷರಾಗಿ 1990ರಲ್ಲಿ ವರದಿ ಕೊಟ್ಟವರು ಇದೇ ಚಿನ್ನಪ್ಪ ರೆಡ್ಡಿ. ವ್ಯಾಪಾರಿಗಳ ಹಟಕ್ಕೆ ಅವರು ಮಣಿಯಲಿಲ್ಲ, ಸರಿ. ಆದರೆ ಈ ತೀರ್ಪಿಗೆ ಎರಡು ಅಲಗು. ನಾಳೆ ಸರ್ಕಾರ ಗಂಜನ್ನೇ ಸಣ್ಣದು ಮಾಡಿದರೆ, ಕೇಳಬೇಕಾಗಿತ್ತು ಎಂದು ರೈತನೂ ಹಮಾಲನೂ ಹೇಳುವಂತಿಲ್ಲ.

ಪುಣೆಯ ಹೆಸರು ಬಂದಿದ್ದರಿಂದ ಇನ್ನೊಂದು ಮಾತು. ಅದೇ ಊರಿನ ಪೇಟೆಯ ಹಮಾಲರನ್ನು ಬಾಬಾ ಆಢಾವ ಹಮಾಲ ಪಂಚಾಯತ್ ಎಂದು ಕಟ್ಟಿದ್ದರು. ಬೆನ್ನ ಮೇಲೆ ಚೀಲ ಹೊರುವವರ ಸಂಘ. 1969ರಲ್ಲಿ ಮಹಾರಾಷ್ಟ್ರದಲ್ಲಿ ಮಾಥಾಡಿ ಹಮಾಲರ ಕಾಯಿದೆ ಬಂತು. ಊರಿಗೊಂದೇ ನೀರಿನ ಜಾಗ, ಅಲ್ಲಿ ಎಲ್ಲರೂ ಸಮ ಎಂಬ ಚಳವಳಿಯನ್ನು ಎಪ್ಪತ್ತರ ದಶಕದಲ್ಲಿ ನಡೆಸಿದವರೂ ಇದೇ ಬಾಬಾ. ಕೂಲಿಯ ಪ್ರಶ್ನೆ, ನೀರಿನ ಪ್ರಶ್ನೆ ಎರಡೂ ಒಂದೇ ಬಾಯಿಂದ ಬಂದವು. ಗುಲ್ಟೇಕಡಿಯ ತೀರ್ಪನ್ನು ವಕೀಲರು ಬಾಯಿಪಾಠ ಮಾಡಿಕೊಂಡಿದ್ದಾರೆ. ಅಲ್ಲಿನ ಹಮಾಲರು ಗೆದ್ದದ್ದನ್ನು ಮಾತ್ರ ಕಾನೂನಿನ ಪುಸ್ತಕದ ಈ ಅಧ್ಯಾಯದಲ್ಲಿ ಹುಡುಕಬೇಡಿ.

ಈ ಸಾಲನ್ನೆಲ್ಲ ನೋಡಿದ ಮೇಲೆ ನನಗೆ ಅನಿಸುವುದನ್ನು ಹೇಳಿಬಿಡುತ್ತೇನೆ. ಸರ್ಕಾರದ ಅಧಿಕಾರ ಎಲ್ಲಿ ಅತಿಯಾಯಿತು ಎಂಬುದನ್ನೇ ಇವೆಲ್ಲ ಕೇಳಿದವು. ಕೊಟ್ಟ ಅಧಿಕಾರವನ್ನು ಬಳಸದೆ ಬಿಟ್ಟರೆ ಏನು ಎಂಬುದು ನಮ್ಮ ಪ್ರಶ್ನೆ. ಬಿಳಿ ಚೀಟಿಯ ಮೇಲೆ ಲೆಕ್ಕ ಬರೆದು ಕೊಟ್ಟ ಅಡತಿಯವನ ಲೈಸೆನ್ಸು ರದ್ದು ಮಾಡುವ ಅಧಿಕಾರ ಸಮಿತಿಗೆ ಇದೆ. ಆದರೆ ಬಿತ್ತುವಾಗ ಬೀಜಕ್ಕೆ, ಮದುವೆಗೆ, ದವಾಖಾನೆಗೆ ಅದೇ ಅಡತಿಯವನ ಹತ್ತಿರ ಉದ್ರಿ ತಂದವನು ಅವನ ಮೇಲೆ ದೂರು ಕೊಡುತ್ತಾನೆಯೇ? ಅವನ ಚೀಲ ಸವಾಲಿಗೆ ಮೊದಲೇ ಮಾರಾಟವಾಗಿರುತ್ತದೆ. ಅಧಿಸೂಚನೆಯ ಕೈ ಗಂಜಿನ ಗೇಟಿನ ತನಕ ಬರುತ್ತದೆ, ಸಾಲದ ವಹಿಯ ತನಕ ಬರುವುದಿಲ್ಲ. ವ್ಯಾಪಾರಿಯ ಹಕ್ಕಿಗೆ ಧಕ್ಕೆಯಾದರೆ ಒಂದು ವಾರದಲ್ಲಿ ರಿಟ್ ಅರ್ಜಿ. ರೈತನ ಬೊಗಸೆ ತೊಗರಿಗೆ ಯಾವ ರಿಟ್ಟು?

ಇತ್ತೀಚಿನದಕ್ಕೆ ಬರೋಣ. 2014ರಲ್ಲಿ ಕರ್ನಾಟಕ ಸರ್ಕಾರ ಗಂಜುಗಳ ಟೆಂಡರನ್ನು ಕಂಪ್ಯೂಟರಿಗೆ ಹಾಕಿತು. ಅದನ್ನು ನಡೆಸಲು ಒಂದು ಕಂಪನಿ ಕಟ್ಟಿತು. ಅರ್ಧ ಪಾಲು ಸರ್ಕಾರದ್ದು, ಅರ್ಧ ಪಾಲು ಸರಕು ವಿನಿಮಯ ಕಟ್ಟೆಯ ಕಂಪನಿಯದು. ಯಾರು ಎಷ್ಟು ಕೂಗಿದರು ಎಂಬುದು ದಾಖಲಾಗತೊಡಗಿತು, ಅದು ಒಳ್ಳೆಯದೇ. ಆದರೆ ಶಾಸನಸಭೆ ಸರ್ಕಾರಕ್ಕೆ ಕೊಟ್ಟ ಕೆಲಸ ಹೀಗೆ ಮತ್ತೊಂದು ಕೈಗೆ ದಾಟಿದ್ದು ಹೆಚ್ಚು ಜನರ ಗಮನಕ್ಕೆ ಬರಲಿಲ್ಲ. ಕೇಂದ್ರದ ಇ-ನಾಮ್ ಉದ್ಘಾಟನೆಯಾದದ್ದು 2016ರ ಏಪ್ರಿಲ್ 14ರಂದು. ಯಾರ ಜಯಂತಿ ಎಂದು ನೆನಪಿಸಬೇಕಾಗಿಲ್ಲ. ದಿನ ಅವರದು, ಗಂಜಿನಲ್ಲಿ ಜಾಗ ಅವರ ಜನರದಲ್ಲ.

2020ರ ಮೇ. ಲಾಕ್‌ಡೌನು. ಊರಿಂದ ಊರಿಗೆ ಹೋಗುವಂತಿಲ್ಲ, ನಾಲ್ಕು ಜನ ಕೂಡುವಂತಿಲ್ಲ. ಮುಂಬಯಿ, ಪುಣೆಗೆ ದುಡಿಯಲು ಹೋದ ನಮ್ಮ ಆಳಂದ, ಅಫಜಲಪುರದ ಮಂದಿ ದಾರಿಯ ಮೇಲೆ. ಆ ಹೊತ್ತಿನಲ್ಲಿ ರಾಜ್ಯ ಸರ್ಕಾರ ಸುಗ್ರೀವಾಜ್ಞೆ ತಂದು 1966ರ ಕಾಯಿದೆಯ ಎಂಟನೆಯ ಕಲಮನ್ನು ತಿದ್ದಿತು. ಅದುವರೆಗೆ ಇಡೀ ಮಾರುಕಟ್ಟೆ ಪ್ರದೇಶದ ಮೇಲೆ, ಅಂದರೆ ಹಳ್ಳಿ ಹಳ್ಳಿಯ ಮೇಲೆ ಇದ್ದ ಸಮಿತಿಯ ನಿಯಂತ್ರಣ ಗಂಜಿನ ಪ್ರಾಂಗಣದೊಳಕ್ಕೆ ಕುಗ್ಗಿತು. ಹೊರಗೆ ಯಾರು ಬೇಕಾದರೂ ಕೊಳ್ಳಬಹುದು. ಜುಲೈನಲ್ಲಿ ಇನ್ನೊಂದು ಸುಗ್ರೀವಾಜ್ಞೆ: ಒಕ್ಕಲಲ್ಲದವರೂ ಹೊಲ ಕೊಳ್ಳಬಹುದು. ಜೂನಿನಲ್ಲಿ ಕೇಂದ್ರದ ಮೂರು ಸುಗ್ರೀವಾಜ್ಞೆಗಳು ಬಂದಿದ್ದವು. ಶಾಸನಸಭೆ ಧೋರಣೆ ಹೇಳುತ್ತದೆ, ಸರ್ಕಾರ ವಿವರ ತುಂಬುತ್ತದೆ ಎಂದು 1951ರಿಂದ ಓದಿಕೊಂಡು ಬಂದದ್ದು ಇಲ್ಲಿ ತಲೆಕೆಳಗಾಯಿತು. ಧೋರಣೆ ಮಂತ್ರಿಮಂಡಲದ ಕೋಣೆಯಲ್ಲಿ ಹುಟ್ಟಿ, ರಾಜ್ಯಪಾಲರ ಸಹಿ ಪಡೆದು, ತಿಂಗಳುಗಟ್ಟಲೆ ನಡೆದ ಮೇಲೆ ಶಾಸನಸಭೆಗೆ ಬಂತು. ಸುಗ್ರೀವಾಜ್ಞೆಗೆ ಸಂವಿಧಾನದ 213ನೆಯ ವಿಧಿಯ ಆಧಾರ ಉಂಟು, ನಿಜ. ಆ ವಿಧಿ ಇರುವುದು ಸಭೆ ಸೇರಲಾಗದ ತುರ್ತಿಗೆ. ತೊಗರಿ ಬಿತ್ತನೆಗೂ ಮೊದಲು ತೊಗರಿ ಮಾರುವ ಕಾಯಿದೆ ಬದಲಿಸುವ ತುರ್ತು ಯಾರದಾಗಿತ್ತು?

ಶುಲ್ಕದ ಆಟ ನೋಡಿ. ನೂರಕ್ಕೆ ಒಂದೂವರೆ ರೂಪಾಯಿ ಇದ್ದದ್ದು 2020ರಲ್ಲಿ 35 ಪೈಸೆಗೆ ಇಳಿಯಿತು. ಗಂಜುಗಳಲ್ಲಿ ದೀಪ ಹಚ್ಚಲೂ ದುಡ್ಡಿಲ್ಲ ಎಂದಾಗ ಒಂದು ರೂಪಾಯಿಗೆ ಏರಿತು. ವರ್ತಕರು ಕೂಗಿದ ಮೇಲೆ 60 ಪೈಸೆಗೆ ಬಂತು. ಎಲ್ಲವೂ ಕೆಲವೇ ತಿಂಗಳಲ್ಲಿ, ಸರ್ಕಾರದ ಆದೇಶಗಳ ಮೇಲೆ. 1961ರಲ್ಲಿ ಗರಿಷ್ಠ ಎಷ್ಟು ಎಂದು ಕೇಳಿದ ನ್ಯಾಯಾಲಯ ಕನಿಷ್ಠ ಎಷ್ಟು ಎಂದು ಕೇಳುವ ಪ್ರಸಂಗವೇ ಬಂದಿರಲಿಲ್ಲ. ಯಾಕೆಂದರೆ ಶುಲ್ಕ ಕಡಿಮೆಯಾಯಿತೆಂದು ವ್ಯಾಪಾರಿ ಕೋರ್ಟಿಗೆ ಹೋಗುವುದಿಲ್ಲ.

ದೆಹಲಿಯ ಗಡಿಗಳಲ್ಲಿ ಒಂದು ವರ್ಷ ಕೂತ ರೈತರು 2021ರ ಕೊನೆಗೆ ಕೇಂದ್ರದ ಮೂರು ಕಾಯಿದೆಗಳನ್ನು ರದ್ದು ಮಾಡಿಸಿದರು. ಕರ್ನಾಟಕದ ತಿದ್ದುಪಡಿ ಆಗ ಹಾಗೇ ಉಳಿಯಿತು. 2023ರ ಜುಲೈನಲ್ಲಿ ಹೊಸ ಸರ್ಕಾರ ಅದನ್ನು ಹಿಂತೆಗೆಯುವ ಮಸೂದೆ ತಂದಿತು. ವಿಧಾನಸಭೆ ಒಪ್ಪಿತು, ಪರಿಷತ್ತು ಪರಿಶೀಲನಾ ಸಮಿತಿಗೆ ಕಳಿಸಿತು. ಆ ಜಗ್ಗಾಟದಲ್ಲಿ ಎರಡೂ ಕಡೆಯವರು ರೈತನ ಹೆಸರು ಹೇಳಿದರು.

ಗಡಿಯ ಮಾತು ಉಳಿಯಿತು. ಆಳಂದ, ಅಫಜಲಪುರದ ತೊಗರಿಗೆ ಕಲಬುರಗಿಯ ಗಂಜು ಒಂದೇ ಅಲ್ಲ. ಅಕ್ಕಲಕೋಟೆ ತಾಲೂಕಿನ ದುಧನಿ ಇದೆ, ಸೊಲ್ಲಾಪುರ ಇದೆ. ದುಧನಿಯಲ್ಲಿ ಮಾತು ಕನ್ನಡವೇ. 1967ರಲ್ಲಿ ಮಹಾಜನ ವರದಿ ಅಕ್ಕಲಕೋಟೆಯನ್ನು ಕರ್ನಾಟಕಕ್ಕೆ ಸೇರಿಸಬೇಕು ಎಂದಿತ್ತು, ಆಗಲಿಲ್ಲ. ಬೆಂಗಳೂರಿನ ಅಧಿಸೂಚನೆಗೆ ಅಲ್ಲಿ ಬೆಲೆ ಇಲ್ಲ. ಟೆಂಪೊ ಗಡಿ ದಾಟಿದರೆ ಬೇರೆ ಕಾಯಿದೆ, ಬೇರೆ ಶುಲ್ಕ. ದರ ನಾಲ್ಕು ಕಾಸು ಹೆಚ್ಚಿದ್ದರೆ ಚೀಲ ಅತ್ತ ಹೋಗುತ್ತದೆ. ಭೀಮೆಯ ಎರಡು ದಂಡೆಗೆ ಎರಡು ಕಾಯಿದೆ ಇದ್ದ ಕಾಲ ಹೋಗಿ, ಈಗ ಆ ಗೆರೆ ಬಡಗಣಕ್ಕೆ ಸರಿದಿದೆ.

ಹೋದ ಸುಗ್ಗಿಯಲ್ಲಿ ನಮ್ಮ ಸಂಘಟನೆಯ ಇಬ್ಬರು ಹುಡುಗರನ್ನು ಕರೆದುಕೊಂಡು ಒಂದು ಗಂಜಿಗೆ ಹೋಗಿದ್ದೆ. ಕಾಯಿದೆಯ ಪುಸ್ತಕ ನನ್ನ ಚೀಲದಲ್ಲಿತ್ತು. ಬೇವಿನ ನೆರಳಿನಲ್ಲಿ ಹಮಾಲರು ಬುತ್ತಿ ಬಿಚ್ಚಿದ್ದರು. ಮಾತಿಗೆ ಮಾತು ಬಂದು, ಮಹಾರಾಷ್ಟ್ರದ ಸಮಿತಿಗಳಲ್ಲಿ ಹಮಾಲ-ತೋಲಾರರಿಗೆ ಒಂದು ಕುರ್ಚಿ ಇದೆ, ಅವರೇ ಮತ ಹಾಕಿ ಆರಿಸುತ್ತಾರೆ ಎಂದು ಹೇಳಿದೆ. ಅವರಲ್ಲಿ ವಯಸ್ಸಾದವರೊಬ್ಬರು ಕೈ ತೊಳೆದುಕೊಂಡು ಬಂದು ಕೂತರು.

"ಮಾಸ್ತರ, ನಮ್ಮ ಪುಸ್ತಕದಾಗ ನಮ್ಮದು ಎಲ್ಲಿ ಬರದದ ನೋಡ್ರಿ."

ಹಾಳೆ ತಿರುವಿದೆ. ರೈತರ ಕ್ಷೇತ್ರ ಇತ್ತು, ಅದರಲ್ಲಿ ಪರಿಶಿಷ್ಟರಿಗೂ ಹೆಂಗಸರಿಗೂ ಮೀಸಲು ಇತ್ತು. ವರ್ತಕರದು ಇತ್ತು, ಸಹಕಾರ ಸಂಘದ್ದು ಇತ್ತು. ಹಮಾಲ ಎಂಬ ಮಾತು ಸಿಕ್ಕಿದ್ದು ಲೈಸೆನ್ಸು ಪಡೆಯಬೇಕಾದವರ ಪಟ್ಟಿಯಲ್ಲಿ. ಓದಿ ಹೇಳಿದೆ. ಅವರು ಟವೆಲು ಕೊಡವಿ ಹೆಗಲಿಗೆ ಹಾಕಿಕೊಂಡು ಎದ್ದರು. ಲಾರಿ ಬಂದಿತ್ತು.